ಮೊದಲ ಗುಟುಕು ನನ್ನದು

ಮಾತಾಡುವುದೇ ನನ್ನ ಕಸುಬು. ಊರ ನಾಯಕರ ಪಕ್ಕ ಚಿನ್ನದ ಹಾಳೆ ಸುತ್ತಿದ ಕೋಲು ಹಿಡಿದು ನಿಂತು, ಅವರು ಪಿಸುಗುಟ್ಟಿದ್ದನ್ನು ಸಭೆಗೆ ದೊಡ್ಡದಾಗಿ ಹೇಳುವವನು ನಾನು, ಅಂಪೋಫೊ. ಮೂವತ್ತೊಂದು ವರ್ಷದಲ್ಲಿ ಈ ನಾಲಗೆ ಎಷ್ಟೋ ಮನೆಗಳ ವ್ಯಾಜ್ಯ ಮುಗಿಸಿದೆ. ಮಾತು ಬಲ್ಲವನಿಗೆ ಜಗಳವಿಲ್ಲ ಅನ್ನುತ್ತಾರಲ್ಲ, ಹಾಗೆ ಅಂದವರು ಒಮ್ಮೆ ನನ್ನ ಮುಂದೆ ಬಂದು ನಿಲ್ಲಲಿ.

ದುಫಿಯೆ ನನ್ನ ತಂಗಿಯ ಮಗಳು. ನಮ್ಮಲ್ಲಿ ಮಕ್ಕಳು ತಾಯಿಯ ಕುಲದವರು. ಅವರಿಗೆ ಏನಾದರೂ ಆದರೆ ಎದ್ದು ಬರಬೇಕಾದವನು ಸೋದರಮಾವ. ಅವಳು ಎಜುಸು ರಸ್ತೆಯಲ್ಲಿ ಬಿರಾಗೊ ಅನ್ನುವವಳ ಬೇಕರಿಯಲ್ಲಿ ಹಿಟ್ಟು ಒತ್ತುವ ಯಂತ್ರದ ಮುಂದೆ ನಾಲ್ಕು ವರ್ಷ ನಿಂತಳು. ಎರಡು ಕಬ್ಬಿಣದ ಉರುಳೆ, ನಡುವೆ ಹಿಟ್ಟು ತೂರಿಸಬೇಕು. ಉರುಳೆಯ ಮುಂದೆ ಕೈ ತಡೆಯುವ ಒಂದು ಅಡ್ಡಪಟ್ಟಿ ಇತ್ತು. ಅದಿದ್ದರೆ ಕೆಲಸ ನಿಧಾನ ಅಂತ ಬಿರಾಗೊ ಬಿಚ್ಚಿಸಿ ಮೂಲೆಗೆ ಹಾಕಿದ್ದಳು. ಯಂತ್ರ ನಿಲ್ಲಿಸುವ ಸ್ವಿಚ್ಚು ಈಸ್ಟರ್ ಹೊತ್ತಿಗೇ ಕೆಟ್ಟಿತ್ತು. ನಿಲ್ಲಿಸಬೇಕೆಂದರೆ ಹೊರಗೋಡಿ, ಒಲೆಯ ಹಿಂದಿನ ಗೋಡೆಯಲ್ಲಿದ್ದ ಹಿಡಿ ಎಳೆಯಬೇಕು. ಕೆಲಸದ ಹುಡುಗಿಯರು ಬಿರಾಗೊಗೆ ಮೂರು ಸಲ ಹೇಳಿದರಂತೆ. ಜಾಗ್ರತೆಯಿಂದ ಕೆಲಸ ಮಾಡುವವರನ್ನು ದೇವರೇ ಕಾಯುತ್ತಾನೆ ಅಂದಳಂತೆ ಆ ಪುಣ್ಯಾತ್ಗಿತ್ತಿ. ಚರ್ಚಿನ ಹೆಂಗಸರಿಗೆಲ್ಲ ಅವಳೇ ಹಿರಿಯಳು, ದೇವರ ಡ್ಯೂಟಿ ಹಂಚುವುದೂ ಅವಳೇ.

ಆಗಸ್ಟಿನಲ್ಲಿ ದುಫಿಯೆಯ ಬಲಗೈ ಉರುಳೆಯೊಳಗೆ ಹೋಯಿತು. ಜೊತೆಗಿದ್ದ ಅಕೋಸುವಾ ಹೊರಗೋಡಿ ಹಿಡಿ ಎಳೆಯುವಷ್ಟರಲ್ಲಿ ಮಣಿಕಟ್ಟಿನ ತನಕ ಏನೂ ಉಳಿದಿರಲಿಲ್ಲ.

ಎಡಗೈಯಲ್ಲಿ ಯಾರಿಗಾದರೂ ಏನಾದರೂ ಕೊಡುವುದೆಂದರೆ ನಮ್ಮಲ್ಲಿ ಮುಖಕ್ಕೆ ಉಗಿದ ಹಾಗೆ. ಆಸ್ಪತ್ರೆಯಿಂದ ಬಂದ ದಿನದಿಂದ ದುಫಿಯೆ ಟೊಮೇಟೊ ಮಾರುವವಳಿಗೂ, ಪಕ್ಕದ ಮನೆಯ ಕೂಸಿಗೂ, "ಎಡಗೈ, ತಪ್ಪು ತಿಳೀಬೇಡಿ" ಅಂತ ಹೇಳಿಯೇ ಕೈ ಚಾಚುತ್ತಿದ್ದಳು. ಕೈ ಕಳಕೊಂಡವಳೇ ಕ್ಷಮೆ ಕೇಳುತ್ತ ತಿರುಗುವುದನ್ನು ನೋಡಲಾಗದೆ ನಾನು ಬೇರೆ ಕಡೆ ನೋಡುತ್ತಿದ್ದೆ.

ಕುಮಾಸಿ ನಗರದಿಂದ ಒಫೊರಿವಾ ಅನ್ನುವ ಲಾಯರಮ್ಮ ಬಂದಳು. ಕೇಸು ನೇರವಾಗಿದೆ ಅಂದಳು. ಕೆಟ್ಟಿದೆ ಅಂತ ಗೊತ್ತಿದ್ದೂ ರಿಪೇರಿ ಮಾಡಿಸದೆ ದುಡಿಸಿದರೆ ಅದು ನಿರ್ಲಕ್ಷ್ಯ, ಪರಿಹಾರ ಕೊಡಲೇಬೇಕು. ಆದರೆ ಬಿರಾಗೊಗೆ ಗೊತ್ತಿತ್ತು ಅನ್ನುವುದನ್ನು ನಾವು ತೋರಿಸಬೇಕು. ಅಲ್ಲಿಯ ತನಕ ಅವರ ಕಡೆಯಿಂದ ಒಂದು ಬಾಳೆಹಣ್ಣೂ ತೆಗೆದುಕೊಳ್ಳಬೇಡಿ ಅಂದಳು. ನಾನು ನಕ್ಕುಬಿಟ್ಟೆ. ಮೊನ್ನೆ ಹುಟ್ಟಿದವಳು ನನಗೆ ಮಾತು ಕಲಿಸುತ್ತಾಳೆ!

ದುಫಿಯೆ ನನ್ನನ್ನು ಕೇಳಿದ್ದು ಒಂದೇ. "ಮಾವ, ನಾನು ತೂಕಡಿಸ್ತಿದ್ದೆ ಅಂತ ಆಯಮ್ಮ ಚರ್ಚಲ್ಲೆಲ್ಲಾ ಹೇಳ್ಕೊಂಡ್ ತಿರುಗ್ತಿದಾಳೆ. ಸ್ವಿಚ್ಚು ಕೆಟ್ಟಿದ್ದು ನಂಗೊತ್ತಿತ್ತು ಅಂತ ಜಡ್ಜಿ ಮುಂದೆ ಅವಳ ಬಾಯಿಂದ ಬರ್ಲಿ. ಆಮೇಲೆ ಕೊಡೋದು ಕೊಡ್ಲಿ, ಬಿಡೋದು ಬಿಡ್ಲಿ."

ಒಂದು ಭಾನುವಾರ ಬಿರಾಗೊ ನಮ್ಮ ಅಂಗಳಕ್ಕೆ ಬಂದಳು. ಕರಿ ಬಟ್ಟೆ ಉಟ್ಟಿದ್ದಳು. ಹಿಂದೆ ನಾಲ್ವರು ಹಿರಿಯರು, ಎರಡು ಬಾಟಲಿ ಶ್ನಾಪ್ಸ್ ಸಾರಾಯಿ, ಒಂದು ಕುರಿ. ನನಗೆ ಎದೆ ಉಬ್ಬಿತು. ನಮ್ಮಲ್ಲಿ ತಪ್ಪಿಲ್ಲದವನು ಇನ್ನೊಬ್ಬರ ಮನೆಗೆ ಬೇಡಿಕೊಳ್ಳಲು ಶ್ನಾಪ್ಸ್ ಹೊತ್ತು ತರುವುದಿಲ್ಲ. ತಂದವನು ತಪ್ಪೊಪ್ಪಿಕೊಂಡ ಹಾಗೆ, ಕುಡಿದವನು ಕ್ಷಮಿಸಿ ಮುಗಿಸಿದ ಹಾಗೆ, ಕೂಸಿಗೂ ಗೊತ್ತು. ಅವಳು ಮಂಡಿಯೂರಿ, ಎಲ್ಲರಿಗೂ ಕೇಳುವಂತೆ, "ಸ್ವಿಚ್ಚು ಕೆಟ್ಟಿದ್ದು ನಂಗೊತ್ತಿತ್ತು, ತಪ್ಪಾಯ್ತು" ಅಂದಳು. ನನ್ನ ಮಟ್ಟಿಗೆ ಕೇಸು ಅಲ್ಲೇ ಗೆದ್ದಾಗಿತ್ತು.

ಗೋಡೆಯ ಪಕ್ಕ ಮಣೆಯ ಮೇಲೆ ಕೂತಿದ್ದ ದುಫಿಯೆ ನನ್ನ ಕಡೆ ನೋಡಿ ಬೇಡ ಅಂತ ತಲೆಯಾಡಿಸಿದಳು. ನಾನು ನೋಡಲಿಲ್ಲ ಅಂತ ಸುಳ್ಳು ಹೇಳಲಾರೆ, ನೋಡಿದೆ. ಆದರೆ ಮನೆಯವರು, ನೆರೆಯವರು, ಸುದ್ದಿ ಕೇಳಿ ಬಂದಿದ್ದ ನಾಯಕರು, ಎಲ್ಲರ ಕಣ್ಣು ನನ್ನ ಮೇಲಿತ್ತು. ಸಿರಿವಂತೆಯೊಬ್ಬಳು ನನ್ನ ಕಾಲ ಬಳಿ ಇದ್ದಳು. ಒಂದು ಬಾಟಲಿಯ ಮುಚ್ಚಳ ತೆಗೆದು, ಸತ್ತ ಹಿರಿಯರ ಹೆಸರಲ್ಲಿ ನೆಲಕ್ಕೆ ಮೂರು ಸಲ ಎರೆದೆ, ಮೊದಲ ಗುಟುಕು ನಾನೇ ಕುಡಿದೆ. ಅವಳ ಕಡೆಯವನೊಬ್ಬ ಫೋನಿನಲ್ಲಿ ಫೋಟೊ ತೆಗೆದ. ಚೆನ್ನಾಗಿ ಬರಲಿ ಅಂತ ಲೋಟ ಮೇಲೆತ್ತಿ ಹಿಡಿದೆ.

ಸುದ್ದಿ ತಿಳಿದು ಒಫೊರಿವಾ ಮತ್ತೆ ಬಂದಳು. ಶ್ನಾಪ್ಸ್ ತಂದದ್ದು ರೋಗಿಯನ್ನು ನೋಡಲು ಅಂತ ಅವರು ಹೇಳುತ್ತಾರೆ, ಕುಡಿದದ್ದು ಮಾತ್ರ ರಾಜಿ ಅನ್ನುತ್ತಾರೆ ಅಂದಳು. ದಾರಿ ಒಂದೇ: ಅಂಗಳದಲ್ಲಿ ಅವಳು ಹೇಳಿದ್ದನ್ನು ನಾನು ಕಟಕಟೆಯಲ್ಲಿ ನಿಂತು ಹೇಳಬೇಕು. ನಿಮ್ಮ ಮಾತಿಗೆ ತೂಕವಿದೆ ಅಜ್ಜ ಅಂದಳು.

ಅದು ನನಗೂ ಗೊತ್ತಿತ್ತು. ಎರೆದು ಮುಗಿಸಿದ ವ್ಯಾಜ್ಯದ ಮಾತನ್ನು ಯಾರೂ ಮತ್ತೆ ಎತ್ತುವಂತಿಲ್ಲ, ಕೋಲು ಹಿಡಿದವನಂತೂ ಎತ್ತಲೇಬಾರದು ಅನ್ನುವುದೂ ಗೊತ್ತಿತ್ತು. ಎತ್ತಿದರೆ ಕೋಲು ಒಪ್ಪಿಸಬೇಕು.

ಕೋರ್ಟಿನಲ್ಲಿ ಬಿರಾಗೊ ಬೈಬಲ್ ಮುಟ್ಟಿ, ಸ್ವಿಚ್ಚು ಸರಿಯಾಗಿಯೇ ಇತ್ತು, ಕ್ರೈಸ್ತ ಪ್ರೀತಿಯಿಂದ ನೋಡಲು ಹೋಗಿದ್ದೆ ಅಂದಳು. ನಾಲಗೆ ಒಂದು ಸಲವೂ ತೊದಲಲಿಲ್ಲ. ಅದೇ ಬೇಕರಿಯಲ್ಲಿ ಇನ್ನೂ ಹಿಟ್ಟು ಒತ್ತುತ್ತಿರುವ ಅಕೋಸುವಾಗೆ ಏನೂ ನೆನಪಿರಲಿಲ್ಲ. ಅವಳನ್ನು ನಾನು ಬಯ್ಯಲಾರೆ, ಅವಳಿಗೆ ಹೊಟ್ಟೆಪಾಡು. ನನಗೇನಿತ್ತು?

ನಾನು ಕಟಕಟೆ ಹತ್ತಿದೆ, ಬಿರಾಗೊಳ ಲಾಯರು ಫೋಟೊ ತೋರಿಸಿದ. "ಇದು ನೀವೇನಾ?"

"ನಾನೇ. ಮೊದಲ ಗುಟುಕು ನನ್ದು."

"ಅಂದ್ರೆ ವಿಷಯ ಮುಗೀತು?"

"ಮುಗೀತು." ಮೂವತ್ತೊಂದು ವರ್ಷದಿಂದ ಆ ಪ್ರಶ್ನೆಗೆ ನನ್ನ ಬಾಯಲ್ಲಿ ಬೇರೆ ಉತ್ತರ ಇರಲೇ ಇಲ್ಲ.

ಒಫೊರಿವಾ ಎದ್ದಳು. ಆ ದಿನ ಬಿರಾಗೊ ಏನು ಹೇಳಿದಳು ಅಂತ ಕೇಳಿದಳು. ಮುಂದಿನ ಬೆಂಚಲ್ಲಿ ದುಫಿಯೆ ಇದ್ದಳು, ತುಟಿ ನನಗಿಂತ ಮುಂಚೆ ಅಲ್ಲಾಡುತ್ತಿತ್ತು. ಅವಳ ಹಿಂದಿನ ಬೆಂಚಲ್ಲಿ ನಾಯಕರಿದ್ದರು. ನಾನು ಹಿಂದಿನ ಬೆಂಚಿನ ಕಡೆ ನೋಡಿಕೊಂಡು, "ಹೂತಿದ್ದನ್ನ ಅಗೆಯೋದು ನಮ್ಮಲ್ಲಿಲ್ಲ" ಅಂದೆ. ಸ್ವರ ಗಂಭೀರವಾಗಿಯೇ ಬಂತು. ಜಡ್ಜಿ ಬರೆದುಕೊಂಡರು.

ತೀರ್ಪು ಬರಲು ಹೆಚ್ಚು ದಿನ ಹಿಡಿಯಲಿಲ್ಲ. ಮಾಲಕಿಗೆ ಗೊತ್ತಿತ್ತು ಅನ್ನಲು ಸಾಕ್ಷಿ ಇಲ್ಲ, ಕುಟುಂಬ ರಾಜಿಯಾಗಿದೆ, ಕೇಸು ವಜಾ. ಮುಂದಿನ ಭಾನುವಾರ ಚರ್ಚಿನಲ್ಲಿ ಬಿರಾಗೊ ಸತ್ಯಕ್ಕೇ ಜಯ ಅಂತ ಸಾಕ್ಷಿ ಹೇಳಿ ಎಲ್ಲರಿಗೂ ಸಿಹಿ ಬ್ರೆಡ್ಡು ಹಂಚಿದಳಂತೆ. ದುಫಿಯೆ ತೂಕಡಿಸುತ್ತಿದ್ದಳು ಅನ್ನುವುದಕ್ಕೆ ಈಗ ಸರಕಾರದ ಮುದ್ರೆಯೂ ಬಿತ್ತು. ನಾಯಕರು ನನ್ನ ಬೆನ್ನು ತಟ್ಟಿ, ನಾಲಗೆ ಅಂದರೆ ನಿನ್ನದು ಅಂದರು. ಆ ಮಾತು ನೆನೆದರೆ ಇನ್ನೂ ಮೈಮೇಲೆ ಹುಳ ಹರಿದ ಹಾಗೆ ಆಗುತ್ತದೆ.

ಆ ಸೋಮವಾರ ಬೆಳಿಗ್ಗೆ ದುಫಿಯೆ ಬಂದಳು. ನಾನು ಕೋಲಿಗೆ ಎಣ್ಣೆ ಒರೆಸುತ್ತಿದ್ದೆ. ಬಿರಾಗೊ ಕೊಟ್ಟಿದ್ದ ಎರಡನೇ ಬಾಟಲಿ ನನ್ನ ತಂಗಿಯ ಮನೆಯಲ್ಲಿತ್ತು, ಅದನ್ನು ತಂದಿದ್ದಳು. ನನ್ನ ಮುಂದೆ ನಿಂತು ಎಡಗೈ ಚಾಚಿದಳು.

ಯಾವತ್ತಿನ ಮಾತಿಗಾಗಿ ಕಾದೆ. ಅಂಗಳದಲ್ಲಿ ನನ್ನ ಹೆಂಡತಿ ಇದ್ದಳು, ಪಕ್ಕದವರಿದ್ದರು. ಅವಳು ತಪ್ಪು ತಿಳೀಬೇಡಿ ಅನ್ನಲಿಲ್ಲ.

"ತಗೋ ಮಾವ," ಅಂದಳು. "ಇದನ್ನೂ ಮೊದ್ಲು ನೀನೇ ಕುಡಿ."

ಬೇರೆ ಯಾರಾದರೂ ಹಾಗೆ ಚಾಚಿದ್ದರೆ ಕುರಿ ದಂಡ ಹಾಕಿಸುತ್ತಿದ್ದೆ. ನಾನು ಎದ್ದು ನಿಂತು, ಬಲಗೈ ಒರೆಸಿಕೊಂಡು, ಬಾಟಲಿ ತೆಗೆದುಕೊಂಡೆ.