ರುದ್ರಾಣಿಯ ಎಡಗೈ

ಬಟರ್‌ಫ್ಲೈ ಈಜಿನಲ್ಲಿ ಒಂದು ನಿಯಮವಿದೆ, ಅದಕ್ಕೆ ದಯೆ ದಾಕ್ಷಿಣ್ಯ ಎಂಬುದೇ ಇಲ್ಲ. ಗೋಡೆಯನ್ನು ಎರಡೂ ಕೈಯಿಂದ ಒಟ್ಟಿಗೆ ಮುಟ್ಟಬೇಕು. ಒಂದು ಕೈ ತಪ್ಪಿತೋ, ನೀವು ಎಷ್ಟೇ ಮುಂದಿರಿ, ಸ್ಪರ್ಧೆಯಿಂದ ಹೊರಗೆ. ಹುಲ್ಲಹಳ್ಳಿಯ ರುದ್ರಾಣಿಗೆ ಇದು ಗೊತ್ತಿರಲಿಲ್ಲವೇ? ಹತ್ತನೇ ವಯಸ್ಸಿಗೆ ತಿ. ನರಸೀಪುರದಲ್ಲಿ ಹೊಳೆ ಈಜಿ ಗಂಡುಹುಡುಗರನ್ನೆಲ್ಲ ಹಿಂದೆ ಹಾಕಿದವಳು, ಇಪ್ಪತ್ತಾರು ತುಂಬುವುದರೊಳಗೆ ಮೂರು ಸಲ ದೇಶದ ಪರವಾಗಿ ಹೊರಗೆ ಹೋಗಿ ಬಂದವಳು. ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುತ್ತಿದ್ದಳು. ಅಂಥವಳು ಏಷ್ಯಾ ಮಟ್ಟದ ಕೂಟದಲ್ಲಿ, ಇನ್ನೂರು ಮೀಟರ್ ಈಜಿ ಎರಡನೆಯವಳಾಗಿ ಬಂದು, ಬಲಗೈಯೊಂದನ್ನೇ ಗೋಡೆಗೆ ಇಟ್ಟಳು. ಎಡಗೈ ಕೊರಳಿಗೆ ಹೋಗಿತ್ತು.

ನಂಜನಗೂಡಿನ ಕೋಚ್ ಸಮೀರ ತಲೆ ಚಚ್ಚಿಕೊಂಡರು. “ಸ್ನಾಯು ಹಿಡ್ಕೊಳ್ತು ಸರ್” ಎಂದು ರುದ್ರಾಣಿ ಬುರುಡೆ ಬಿಟ್ಟಳು. ಇನ್ನು ಉಳಿದಿದ್ದು ಬೆಂಗಳೂರಿನ ಒಂದೇ ಒಂದು ಆಯ್ಕೆ ಸ್ಪರ್ಧೆ, ಅದೂ ಹದಿನೈದೇ ದಿನಕ್ಕೆ. ಅಲ್ಲಿ ಮೊದಲ ಇಬ್ಬರಲ್ಲಿ ಒಬ್ಬಳಾಗದಿದ್ದರೆ ಈ ವಯಸ್ಸಿಗೆ ಮತ್ತೆ ಯಾರೂ ಕರೆಯುವುದಿಲ್ಲ. ಆ ಎಡಗೈಯೋ, ಅಭ್ಯಾಸದಲ್ಲೂ ಹೇಳಿದ ಮಾತು ಕೇಳುತ್ತಿರಲಿಲ್ಲ. ಗೋಡೆ ಹತ್ತಿರ ಬಂದರೆ ಸಾಕು, ಅಳುಕುತ್ತಿತ್ತು.

ಎರಡು ದಿನ ಊರಿಗೆ ಬಂದಳು. ಅಪ್ಪ ಪುಟ್ಟಬಸವಯ್ಯ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಸಿಕ್ಕವರಿಗೆಲ್ಲ “ಮೋಸ ಮಾಡವ್ರೆ ಕಣ್ರೀ, ಮೋಸ!” ಎಂದು ಹೇಳಿಕೊಂಡು ತಿರುಗುತ್ತಿದ್ದರು. ಅಜ್ಜಿ ಮಂಗಳಮ್ಮ ಮಾತ್ರ ಫೋನಿನಲ್ಲಿ ಆ ಈಜಿನ ವಿಡಿಯೋವನ್ನು ಮಗನಿಂದ ಹತ್ತು ಸಲ ಹಾಕಿಸಿಕೊಂಡು ನೋಡಿದ್ದರು. ಮಾರನೇ ಬೆಳಗ್ಗೆ ಪೂಜೆ ಮುಗಿಸಿ ಮೊಮ್ಮಗಳನ್ನು ಹತ್ತಿರ ಕರೆದರು.

“ಮಗಾ, ಆವತ್ತು ನಿನ್ ಕೊರಳಲ್ಲಿ ಲಿಂಗ ಇರ್ನಿಲ್ಲ, ಅಲ್ವಾ?”

ರುದ್ರಾಣಿಯ ಎಡಗೈ ಮತ್ತೆ ಕೊರಳಿಗೆ ಹೋಯಿತು. ಅವರ ಮನೆಯಲ್ಲಿ ಇಷ್ಟಲಿಂಗವನ್ನು ಮೈಯಿಂದ ಬೇರೆ ಮಾಡುವ ಮಾತೇ ಇಲ್ಲ. ಮಲಗಲಿ, ಮೀಯಲಿ, ಬೆಳ್ಳಿ ಕರಡಿಗೆಯೊಳಗೆ ಅದು ಎದೆಯ ಮೇಲೇ ಇರಬೇಕು. ಆದರೆ ಬಟರ್‌ಫ್ಲೈಯಲ್ಲಿ ಕೈ ಎತ್ತಿ ಹಾಕಿದಾಗಲೆಲ್ಲ ಕರಡಿಗೆ ಗದ್ದಕ್ಕೆ ಬಡಿಯುತ್ತದೆ. ಹದಿನೈದನೇ ವಯಸ್ಸಿನಲ್ಲೇ ಬಿಚ್ಚಿಡಲು ಶುರುಮಾಡಿದ್ದಳು. “ಈಜುಡುಪಿನ ಒಳಗೆ ಬಿಗಿಯಾಗಿ ಕಟ್ಕೊಂಡಿರ್ತೀನಿ ಅಜ್ಜಿ” ಎಂದು ಅಂದಿನಿಂದ ಸುಳ್ಳು ಹೇಳುತ್ತಲೇ ಬಂದಿದ್ದಳು. ಪ್ರತಿ ಸಲವೂ ಮಡಿಬಟ್ಟೆಯಲ್ಲಿ ಸುತ್ತಿ ಜೋಪಾನವಾಗಿಯೇ ಇಡುತ್ತಿದ್ದಳು, ಪಾಪ. ಆವತ್ತು ಅವಸರದಲ್ಲಿ ಹೆಸರು ಕೂಗಿದರು. ಕೈಗೆ ಸಿಕ್ಕ ಚೀಲಕ್ಕೆ ತುರುಕಿ ಓಡಿದಳು. ಅದು ಶೂ ಚೀಲ ಎಂದು ಹೊಳೆದದ್ದು ನೀರಿಗೆ ಬಿದ್ದ ಮೇಲೆ.

“ಶೂ ಜೊತೇಲಿ ಇಟ್ಬಿಟ್ಟೆ ಅಜ್ಜಿ. ಕೊನೇವರೆಗೂ ಅದೇ ತಲೇಲಿತ್ತು. ಕೈ ತಾನಾಗೇ ಹೋಗ್ಬಿಡ್ತು.” ರುದ್ರಾಣಿ ಗೊಳೋ ಎಂದು ಅತ್ತಳು.

“ಅನ್ನೊಂದು ವರ್ಸ! ಅನ್ನೊಂದು ವರ್ಸ ನನ್ ಕಣ್ಗೆ ಮಣ್ಣೆರಚಿದ್ಯಲ್ಲೇ!” ಮಂಗಳಮ್ಮ ಎದ್ದು ಒಳಗೆ ಹೋದರು. ಮಧ್ಯಾಹ್ನ ಮುದ್ದೆಯನ್ನು ತಟ್ಟೆಗೆ ಧೊಪ್ಪೆಂದು ಹಾಕಿದರು. ಆ ಸದ್ದಿಗಿಂತ ನಾಲ್ಕು ಏಟು ಬಿದ್ದಿದ್ದರೆ ವಾಸಿ ಅನ್ನಿಸಿತು ರುದ್ರಾಣಿಗೆ. ಸಂಜೆ ಹೊಗೆಸೊಪ್ಪಿನ ಕಡ್ಡಿಪುಡಿ ಬಾಯಿಗೆ ಹಾಕಿಕೊಂಡ ಮೇಲೆ ಅಜ್ಜಿಯೇ ಕೇಳಿದರು.

“ಈಜೋಕೆ ಎಷ್ಟೊತ್ತು ಇಡೀತದೆ?”

“ಎರಡೂಕಾಲು ನಿಮಿಷ ಅಜ್ಜಿ.”

“ಅಷ್ಟೇಯಾ? ಅದ್ಕೆ ಇಷ್ಟು ರಾದ್ಧಾಂತವಾ? ಅಷ್ಟೊತ್ತು ನನ್ ಅಂಗೈ ಮ್ಯಾಲೆ ಇರ್ತದೆ ಬುಡು. ಅಂಗೈಲಿದ್ರೆ ಪೂಜೇಲಿದ್ದಂಗೆ. ನಾನೂ ಬತ್ತೀನಿ ಬೆಂಗ್ಳೂರ್ಗೆ.”

ಬಂದೇಬಿಟ್ಟರು. ಸ್ಪರ್ಧೆಗೆ ಮುಂಚೆ ಗ್ಯಾಲರಿಯಲ್ಲಿ ರುದ್ರಾಣಿ ಕರಡಿಗೆ ಬಿಚ್ಚಿ, ಲಿಂಗವನ್ನು ಅಜ್ಜಿಯ ಎಡ ಅಂಗೈಯಲ್ಲಿಟ್ಟು ಕೆಳಗಿಳಿದಳು.

ಕೊನೆಯ ಐವತ್ತು ಮೀಟರಿಗೆ ತಿರುಗಿದಾಗ ಅವಳು ಮೂರನೆಯವಳು. ತೋಳು ಎರಡೂ ಸತ್ತಂತಾಗಿದ್ದವು. ಪಕ್ಕದವಳು ಅರ್ಧ ಮೈ ಮುಂದಿದ್ದಳು. ಗೋಡೆ ಹತ್ತಿರವಾದಂತೆ ಎಡಗೈಯದೇ ಭಯ ಅವಳಿಗೆ. ಆದರೆ ಈ ಸಲ ಹುಡುಕುವುದೇನೂ ಇರಲಿಲ್ಲ, ಲಿಂಗ ಎಲ್ಲಿದೆ ಎಂದು ಗೊತ್ತಿತ್ತು. ಎರಡೂ ಅಂಗೈ ಒಟ್ಟಿಗೆ ಗೋಡೆಗೆ ಬಡಿದವು. ಫಲಕದಲ್ಲಿ ಅವಳ ಹೆಸರು ಎರಡನೆಯದಾಗಿ ಬಂತು. ತಪ್ಪಾಯಿತೆಂದು ಯಾವ ತೀರ್ಪುಗಾರರೂ ಕೈ ಎತ್ತಲಿಲ್ಲ. ಸಮೀರ ಕುಣಿದಾಡಿಬಿಟ್ಟರು.

ರುದ್ರಾಣಿ ನೀರು ಸುರಿಸಿಕೊಂಡೇ ಮೆಟ್ಟಿಲು ಹತ್ತಿ ಓಡಿದಳು. ಸುತ್ತ ಚಪ್ಪಾಳೆ, ಕೂಗು. ಅಜ್ಜಿ ಅಂಗೈ ಮೇಲಿಟ್ಟ ಕಣ್ಣು ಎತ್ತಿರಲೇ ಇಲ್ಲ. ಚಾಚಿದ ಕೈಯನ್ನೂ ಇಳಿಸಿರಲಿಲ್ಲ.

“ಮುಗೀತಾ ಮಗಾ?”

“ಮುಗೀತು ಅಜ್ಜಿ. ಆಯ್ಕೆ ಆದೆ!”

ಅಜ್ಜಿ ಲಿಂಗವನ್ನು ಕರಡಿಗೆಗೆ ಸೇರಿಸಿ ಒದ್ದೆ ಕೊರಳಿಗೆ ತಾವೇ ಕಟ್ಟಿದರು. “ಮುಂದಿಂದು ಎಲ್ಲಿ?”

“ಹೊರದೇಶ ಅಜ್ಜಿ. ವಿಮಾನದಲ್ಲಿ ಹೋಗ್ಬೇಕು.”

ಎಪ್ಪತ್ತೆಂಟರ ಮಂಗಳಮ್ಮ ಒಂದು ಗಳಿಗೆ ಯೋಚಿಸಿ, ಏದುಸಿರು ಬಿಡುತ್ತ ಬಂದ ಸಮೀರರ ಕಡೆ ತಿರುಗಿದರು.

“ಮೇಷ್ಟ್ರೆ, ನಂಗೂ ಒಂದು ಪಾಸ್‌ಪೋರ್ಟ್ ಮಾಡ್ಸಿ. ಅಲ್ಲಿ ಅಂಗೈ ಒಡ್ಡೋರು ಯಾರವ್ರೆ?”