ಜೊತೆಗೆ ಬರಲು ಯಾರೂ ಇಲ್ಲ

ಧಾರವಾಡದ ಹೈಕೋರ್ಟಿಗೆ ಹೋದ ದಿನ ನಾನು ಯಾರೂ ಅಲ್ಲದವಳಾಗಿದ್ದೆ. ಸೊಸೆಯ ಅರ್ಜಿಯಲ್ಲಿ ವಕೀಲರೇ ಹಾಗೆ ಬರೆಸಿದ್ದರು: ನಾಗವೇಣಿಗೆ ತಂದೆತಾಯಿ ಇಲ್ಲ, ಅಂಕೋಲೆಯಿಂದ ಬಳ್ಳಾರಿಯ ಕೋರ್ಟಿಗೆ ಜೊತೆಗೆ ಬರಲು ಯಾರೂ ಇಲ್ಲ, ಆದ್ದರಿಂದ ಗಂಡ ಹೂಡಿದ ವಿಚ್ಛೇದನದ ಕೇಸನ್ನು ಅಂಕೋಲೆಗೆ ವರ್ಗಾಯಿಸಬೇಕು.

ಓದಿ ಹೇಳಿದಾಗ ನನಗೆ ಮೈಯೆಲ್ಲ ಉರಿಯಿತು. "ಹಂಗಾರೆ ಇಷ್ಟು ಸಲ ಬಳ್ಳಾರಿಗೆ ಇವಳ ಸಂಗಡ ಹೋದದ್ದು ಎಂತ ದೆವ್ವವಾ?"

"ಅಮ್ಮಾ, ಎಲ್ಲಾ ಹೆಣ್ಮಕ್ಕಳ ಅರ್ಜ್ಯಾಗೂ ಹಿಂಗ ಬರೀತೀವ್ರಿ," ಅಂದರು ಮುಳಗುಂದ ವಕೀಲರು. "ನೀವು ಎದುರು ಪಾರ್ಟಿ ತಾಯಿ. ಕಾಯ್ದೇದಾಗ ಆ ಕಡೆಯವ್ರು. ಹಿಂದಿನ ಬೆಂಚಿನ್ಯಾಗ ಕೂತ್ಬಿಡ್ರಿ, ಗುರ್ತು ಇಲ್ದವ್ರಂಗ."

ಎದುರು ಪಾರ್ಟಿ ಅಂದರೆ ನನ್ನ ಹೊಟ್ಟೆಯಲ್ಲಿ ಹುಟ್ಟಿದ ರಮಾಕಾಂತ. ಬಳ್ಳಾರಿ ಕಡೆ ಉಕ್ಕಿನ ಕಾರ್ಖಾನೆ ಸೇರಿದವನು ಹೆಂಡತಿಯನ್ನೂ ಕರೆಯಲಿಲ್ಲ, ತಾಯಿಯನ್ನೂ ಕರೆಯಲಿಲ್ಲ. ನಮ್ಮಿಬ್ಬರನ್ನು ಒಂದೇ ಮನೆಯಲ್ಲಿ ಬಿಟ್ಟು ಮರೆತ, ಪಾಪಿ. ಈಗ ನನ್ನ ಮಂಡಿ ಬಳ್ಳಾರಿ ದಾರಿಗೆ ಒಗ್ಗುತ್ತಿರಲಿಲ್ಲ. ನನ್ನನ್ನು ಬಿಟ್ಟು ಅವಳು ಹೊರಡುತ್ತಿರಲಿಲ್ಲ. ಹೋಗದಿದ್ದರೆ ಅವಳಿಲ್ಲದೆಯೇ ತೀರ್ಪಾಗುತ್ತದಂತೆ. ಆಮೇಲೆ ಅವಳು ನನಗೆ ಸೊಸೆಯೂ ಅಲ್ಲ, ಏನೂ ಅಲ್ಲ. ಅದೊಂದೇ ಹೆದರಿಕೆಗೆ ನಾನು ಬಾಯಿ ಮುಚ್ಚಿಕೊಂಡು ಒಪ್ಪಿದೆ.

ಅರಬೈಲು ಘಾಟಿಯಲ್ಲಿ ಮಂಜು ಬಸ್ಸಿನೊಳಗೇ ಬಂತು. ಕಂಡಕ್ಟರ್ ಹೆಂಗಸರಿಗೆ ಪುಕ್ಕಟೆ ಕೊಡುವ ಸೊನ್ನೆ ರೂಪಾಯಿ ಟಿಕೆಟ್ ಕೊಟ್ಟು ಹೋದ. ಅದನ್ನು ಹಿಡಿದು ಕೂತಿದ್ದಂತೆ ನಾನು ನಿಜವಾಗಿಯೂ ಇಲ್ಲವೇನೋ ಅನ್ನಿಸತೊಡಗಿತು. ಒಂದು ಮರ ಬಂದು ಕರಗಿತು, ಇನ್ನೊಂದು ಬಂತು. ಕಣ್ಣು ಮುಚ್ಚಿದರೆ ಚಿಕ್ಕ ರಮಾಕಾಂತ ಏಡಿ ಹುಡುಕುತ್ತ ಉಪ್ಪುನೀರು ನುಗ್ಗುವ ಗಜನಿ ಗದ್ದೆಯ ಕೆಸರಲ್ಲಿ ದೂರ ದೂರ ನಡೆಯುತ್ತಿದ್ದ; ಕೂಗಿದರೂ ತಿರುಗಲಿಲ್ಲ. ಕಣ್ಣು ಬಿಟ್ಟಾಗ ನನ್ನ ತಲೆ ನಾಗವೇಣಿಯ ಹೆಗಲ ಮೇಲಿತ್ತು.

"ಮಲಗಿ ಅತ್ತೆ," ಅಂದಳು. "ಅಲ್ಲಿ ಹೋದ್ಮೇಲೆ ಹೇಂಗೂ ಮಾತಾಡೂಕಿಲ್ಲ."

ಕೋರ್ಟಿನ ಕೊನೆಯ ಬೆಂಚಿನಲ್ಲಿ ಕೂತೆ. ಕರಿಕೋಟುಗಳು ತೇಲುತ್ತ ಬಂದವು, ತೇಲುತ್ತ ಹೋದವು. ನೀರಲ್ಲಿ ಮುಳುಗಿದಾಗ ಕೇಳಿಸುವ ಹಾಗೆ ಮಾತೆಲ್ಲ ದೂರದಿಂದ ಕೇಳುತ್ತಿತ್ತು. ಯಾರ ಕಣ್ಣೂ ನನ್ನ ಮೇಲೆ ನಿಲ್ಲಲಿಲ್ಲ. ಸುಳ್ಳು ಯಾಕೆ ಹೇಳಲಿ, ಅದೂ ಒಂಥರಾ ಸುಖವಾಗಿಯೇ ಇತ್ತು.

ಕೇಸು ಕೂಗಿದರು. ರಮಾಕಾಂತ ಬಂದಿರಲಿಲ್ಲ. ಅವನ ವಕೀಲ ಎದ್ದು, "ಸ್ವಾಮಿ, ಆಕಿ ಪ್ರತಿ ಸಲ ಬಳ್ಳಾರಿಗೆ ಬಂದಾಳ. ತ್ರಾಸೇನಿಲ್ಲ," ಅಂದ.

ನ್ಯಾಯಾಧೀಶರು ಕನ್ನಡಕ ತೆಗೆದು ನಾಗವೇಣಿಯನ್ನೇ ಕೇಳಿದರು. "ಇವತ್ತು ಯಾರ ಜೊತೆ ಬಂದ್ರಮ್ಮ?"

ಯಾರೂ ಇಲ್ಲ ಅನ್ನು, ಮಗಾ, ಅನ್ನು. ದಾರಿಯುದ್ದಕ್ಕೂ ಅದನ್ನೇ ಕಲಿಸಿದ್ದೆ. ಅವಳು ತಿರುಗಿ ನನ್ನನ್ನು ನೋಡಿದಳು.

"ನಮ್ಮತ್ತೆ ಬಂದಾರೆ. ಅಲ್ಲಿ ಕೂತಾರೆ."

ನಾನು ಗೋಡೆ ಕಡೆ ಮುಖ ತಿರುಗಿಸಿದೆ. ಒಪ್ಪಿದ್ದು ಒಪ್ಪಿದ್ದೇ. ನ್ಯಾಯಾಧೀಶರು ಏಳಲು ಹೇಳಿದರು. ಏಳಹೋದರೆ ಹಾಳು ಮಂಡಿ ಕೈಕೊಟ್ಟಿತು. ನಾಗವೇಣಿ ಓಡಿಬಂದು ಕಂಕುಳಿಗೆ ಕೈಹಾಕಿ ಎತ್ತಿದಳು.

"ನೀವು ಹುಡುಗನ ತಾಯಿ ಅಲ್ವೇನಮ್ಮ? ಈ ಕಡೆ ಯಾಕೆ ಕೂತಿದೀರಿ?"

"ಆ ಕಡೆ ಕೂರೂಕೆ ಅಂವ ಬಂದ್ರೆ ಅಲ್ದ, ಒಡೆಯಾ?"

ನನ್ನ ಭಾರವೆಲ್ಲ ನಾಗವೇಣಿಯ ಮೇಲಿತ್ತು. ನ್ಯಾಯಾಧೀಶರು ನಮ್ಮಿಬ್ಬರನ್ನೂ ನೋಡಿದರು.

"ಇವರಲ್ಲಿ ಯಾರು ಯಾರನ್ನ ಕರ್ಕೊಂಡು ಬಂದಿದಾರೆ ಅಂತ ಕಾಣ್ತಾ ಇದೆಯಲ್ಲ. ವಕೀಲರೇ, ಇನ್ಮೇಲಾದ್ರೂ ಇದ್ದದ್ದು ಬರೀರಿ. ಕೇಸು ಅಂಕೋಲೆಗೆ ಹೋಗ್ಲಿ."

ಹೊರಗೆ ಬಂದವಳೇ ಸೊಸೆಗೆ ಬೈದೆ. "ಮಂಗಾ, ಎಲ್ಲಾ ಹಾಳ್ಮಾಡ್ತಿದ್ದೆ!"

"ನಿಮ್ಮನ್ನ ಇಲ್ಲ ಅನ್ನೂಕೆ ಬಾಯಿ ಬರ್ಲಿಲ್ಲ, ಅತ್ತೆ."

ಘಾಟಿ ಇಳಿಯುವಾಗ ಮತ್ತೆ ಮಂಜು. ನಾಗವೇಣಿ ಕೇಳಿದಳು, "ಇನ್ನು ತಾರೀಕಿಗೆ ಅವ್ರೇ ಅಂಕೋಲೆಗೆ ಬರ್ಬೇಕಲ್ದ? ಮನೆಗೆ ಕರೀತ್ರಾ?"

ಅವನ ಮುಖ ಕಾಣಲು ನಾನು ಎಷ್ಟು ಹಂಬಲಿಸಿದ್ದೆನೆಂದು ಅವಳಿಗೆ ಮಾತ್ರ ಗೊತ್ತಿತ್ತು.

"ಕರೀತೆ. ಏಡಿ ಸಾರು ಮಾಡಿ ಬಡಿಸ್ತೆ," ಅಂದೆ. "ಹೊಟ್ಟೆ ತುಂಬ ಉಂಡ್ಕಂಡು ಕೋರ್ಟಿಗೆ ಬರ್ಲಿ. ಅಲ್ಲಿ ನಾ ನಿನ್ನ ಬದಿಗೇ ಕೂತ್ಕಂತೆ."