ಹಾರ್ನ್ ಹೊಡೀಲಿಲ್ಲ

"ಎಡಗೈ ಬಗ್ತಿಲ್ಲಮ್ಮ, ನಿಧಾನ," ಎಂದ ಮಿಲ್ಲಿನ ಮೇಸ್ತ್ರಿ.

ಮಗಳು ಅಪ್ಪನ ತೋಳನ್ನು ಅಂಗಿಯೊಳಗೆ ತೂರಿಸಲು ಮೂರನೆಯ ಸಲ ಯತ್ನಿಸುತ್ತಿದ್ದಳು. ನಿನ್ನೆ ಸಂಜೆ ಮರ ಕೊಯ್ಯುವ ಮಿಲ್ಲಿನಿಂದ ಬಂದು ಕೂತವನು ಕೂತಲ್ಲೇ ಹೋಗಿದ್ದ. ಕೊನೆಗೆ ಮೇಸ್ತ್ರಿಯೇ ಭುಜ ಎತ್ತಿ ಹಿಡಿದ. ಮಗಳು ಗುಂಡಿ ಹಾಕಿದಳು.

"ಇಪ್ಪತ್ತೇಳು ವರ್ಷ ಜೊತೇಲಿ ದಿಮ್ಮಿ ಹೊತ್ತಿದೀವಿ. ನಿಮ್ಮಪ್ಪ ರಸ್ತೆ ದಾಟೋದು ನೋಡ್ಬೇಕಿತ್ತು. ಅಷ್ಟು ದೂರದಲ್ಲಿ ಸೈಕಲ್ ಕಂಡ್ರೂ ನಿಂತ್ಬಿಡೋರು. ಅದಕ್ಕೇ ಎಲ್ಲಾ ಸಿಗ್ನಲ್ ಮಾವ ಅಂತಿದ್ವಿ. ಒಂದ್ಸಲ ನಾಯಿಗೆ ದಾರಿ ಬಿಟ್ರು. ಅದು ನಡುರಸ್ತೇಲೇ ಮಲಗ್ಬಿಡ್ತು, ಇವರು ಕಾಯ್ತಾನೇ ನಿಂತ್ರು!"

ಮಗಳಿಗೆ ನಗು ಬಂತು. ಅದರ ಬೆನ್ನಿಗೇ ಅಳುವೂ ಬಂತು.

ಅಷ್ಟರಲ್ಲಿ ಬಾಗಿಲಲ್ಲಿ ಐವತ್ತೈದರ ಆಸುಪಾಸಿನ ಹೆಂಗಸೊಬ್ಬಳು ಬಂದು ನಿಂತಳು. ಕೊರಳಲ್ಲಿ ಅಳತೆಯ ಟೇಪು. ಹೊಲಿಗೆ ಅಂಗಡಿಯಿಂದ ನೇರ ಎದ್ದು ಬಂದವಳಿಗೆ ಅದನ್ನು ತೆಗೆಯಲು ಮರೆತುಹೋಗಿರಬೇಕು.

ಮೂಲೆಯಲ್ಲಿದ್ದ ತಾಯಿ ಗೋಡೆ ಹಿಡಿದು ಎದ್ದಳು. "ಬನ್ನಿ ಅಕ್ಕ. ಬರ್ತೀರೋ ಇಲ್ವೋ ಅಂದ್ಕೊಂಡಿದ್ದೆ."

"ನೀವು ಹೇಳಿಕಳಿಸಿದ್ಮೇಲೆ ಬರದೆ ಹೇಗಿರ್ಲಿ?"

"ಯಾರಮ್ಮ ಈ ಟೈಲರಮ್ಮ?" ಮಗಳು ಪಿಸುಗುಟ್ಟಿದಳು.

ತಾಯಿ ಅವಳನ್ನು ಅಡುಗೆಮನೆಗೆ ಕರೆದೊಯ್ದಳು. "ನಿಮ್ಮಪ್ಪ ಲಾರಿ ಓಡಿಸೋ ಕೆಲಸ ಬಿಟ್ಟಿದ್ದು ನಿಂಗೆ ಹೇಳಿದ್ಹಾಗೆ ಕಣ್ಣು ಮಂಜಾಗಿ ಅಲ್ಲ. ಇವರ ಯಜಮಾನ್ರು ನಿಮ್ಮಪ್ಪನ ಲಾರಿಗೇ ಸಿಕ್ಕಿ ಹೋದ್ರು. ನೀನಿನ್ನೂ ಹುಟ್ಟಿರ್ಲಿಲ್ಲ."

*

ಪರಿಹಾರದ ಮೊಕದ್ದಮೆಯಲ್ಲಿ ಅಪ್ಪ ಸಾಕ್ಷಿ ಹೇಳಬೇಕಿದ್ದ ಬೆಳಿಗ್ಗೆ ಲಾರಿಯ ಮಾಲೀಕ ಮನೆಗೇ ಬಂದಿದ್ದ. "ಆತನೇ ಅಡ್ಡ ಬಂದ, ನಾನು ಹಾರ್ನ್ ಹೊಡೆದೆ ಅನ್ನು. ಅಷ್ಟು ಸಾಕು. ನಿನ್ನ ಕೆಲಸಕ್ಕೆ ನಾನು ಹೊಣೆ." ವಿಮಾ ಕಂಪನಿಯ ವಕೀಲರು ಅದನ್ನೇ ಬಾಯಿಪಾಠ ಮಾಡಿಸಿದ್ದರು. ತಪ್ಪು ಸತ್ತವನದೇ ಎಂದಾದರೆ ಅವನ ಮನೆಯವರಿಗೆ ಸಿಗುವುದು ಅಷ್ಟಕ್ಕಷ್ಟೇ.

ಮಾಲೀಕ ಹೋದ ಮೇಲೆ ಹೆಂಡತಿ ಗಂಡನ ಕೈ ಹಿಡಿದುಕೊಂಡಳು. ಅವಳಿಗೆ ಏಳು ತಿಂಗಳು. "ಅವರು ಹೇಳಿದಷ್ಟು ಹೇಳ್ಬಿಡ್ರಿ. ನನ್ನ ಹೊಟ್ಟೆ ನೋಡಿಯಾದ್ರೂ."

ನ್ಯಾಯಾಲಯದಲ್ಲಿ ಎದುರಿನ ಬೆಂಚಿನ ಮೇಲೆ ಸತ್ತವನ ಹೆಂಡತಿ ಕೂತಿದ್ದಳು. ತೊಡೆಯ ಮೇಲೆ ಮಗು. ಅದರ ಒಂದು ಕಾಲಲ್ಲಿ ಮಾತ್ರ ಬೂಟಿತ್ತು. ಇನ್ನೊಂದು ಎಲ್ಲೋ ಬಿದ್ದುಹೋಗಿತ್ತು. ಯಾರೂ ಹುಡುಕಿದಂತಿರಲಿಲ್ಲ.

"ಹಾರ್ನ್ ಹೊಡೆದ್ರಿ, ಅಲ್ವಾ?" ವಕೀಲರು ಕೇಳಿದರು.

"ಇಲ್ಲ ಸ್ವಾಮಿ. ಹೊಡೀಲಿಲ್ಲ."

ವಕೀಲರು ಕೆಮ್ಮಿದರು. "ಸರಿಯಾಗಿ ನೆನಪು ಮಾಡ್ಕೊಳ್ಳಿ. ಆತ ಅಡ್ಡ ಬಂದ್ರು."

"ಅವರು ಅಂಚಲ್ಲೇ ಹೋಗ್ತಿದ್ರು. ನಂಗೆ ಜೊಂಪು ಹತ್ತಿತ್ತು. ಕಣ್ಣು ಬಿಡೋ ಹೊತ್ತಿಗೆ..."

ಆ ಹೆಂಗಸಿಗೆ ಪೂರ್ತಿ ಪರಿಹಾರ ಸಿಕ್ಕಿತು. ಅವನ ಕೆಲಸ ಅಂದೇ ಹೋಯಿತು, ಆಮೇಲೆ ಲೈಸೆನ್ಸೂ ಹೋಯಿತು. ಜೈಲು ಮುಗಿಸಿ ಬಂದಾಗ ಅಂಬೆಗಾಲಿಡುತ್ತಿದ್ದ ಮಗಳು ಅವನನ್ನು ಕಂಡು ಯಾರೋ ಎಂದು ಕಿಟಾರನೆ ಕಿರುಚಿಕೊಂಡಿದ್ದಳು.

*

"ಅವತ್ತು ನಮ್ಮ ನೆನಪಾಗ್ಲಿಲ್ವಾ ಅಪ್ಪಂಗೆ?" ಮಗಳು ಕೇಳಿದಳು.

"ನಾನೂ ಅದನ್ನೇ ಕೇಳಿದ್ದೆ. ಎರಡು ವರ್ಷ ನೆಟ್ಟಗೆ ಮಾತಾಡ್ಲಿಲ್ಲ ಅವರ ಹತ್ರ." ತಾಯಿ ಸೆರಗಿನಿಂದ ಮುಖ ಒರೆಸಿಕೊಂಡಳು. "ಒಂದಿನ ಅವರೇ ಅಂದ್ರು, 'ಒಂದ್ಸಲ ಕೊಂದದ್ದು ನಿದ್ದೇಲಿ ಕಣೆ. ಇನ್ನೊಂದ್ಸಲ ಎಚ್ಚರ ಇದ್ದೂ ಹೇಗೆ ಕೊಲ್ಲಲಿ?'"

ಮಗಳು ಹೊರಗೆ ಬಂದು ಟೈಲರಮ್ಮನ ಪಕ್ಕದಲ್ಲಿ ನಿಂತಳು.

"ಆ ದುಡ್ಡಲ್ಲೇ ಮಿಷನ್ ತಗೊಂಡೆ, ಮಗನ್ನ ಓದಿಸ್ದೆ," ಟೈಲರಮ್ಮ ಮೆಲ್ಲಗೆ ಹೇಳಿದಳು. "ಹಾಗಂತ ಸಿಟ್ಟು ಹೋಯ್ತು ಅಂತ ಸುಳ್ಳು ಹೇಳಲ್ಲಮ್ಮ. ಬೀದೀಲಿ ಎದುರಾದ್ರೆ ನಿಮ್ಮಪ್ಪ ತಲೆ ತಗ್ಗಿಸೋರು, ನಾನು ಮುಖ ತಿರುಗಿಸೋಳು. ನೋಡ್ತಾ ನೋಡ್ತಾ ಮೂವತ್ತು ವರ್ಷ ಹೋಯ್ತು. ಒಂದು ಮಾತು ಆಡ್ಬಹುದಿತ್ತು."

ವ್ಯಾನು ಬಂತು. ನಾಲ್ವರು ಸೇರಿ ಅಪ್ಪನನ್ನು ಮಲಗಿಸಿದ್ದ ಹಲಗೆಯನ್ನು ಒಳಗೆ ಸರಿಸಿದರು.

"ಮನೆಯವರು ಮಾತ್ರ ಹತ್ಕೊಳ್ಳಿ. ಮಿಕ್ಕೋರು ನಡ್ಕೊಂಡು ಬನ್ನಿ," ಎಂದ ವ್ಯಾನಿನ ಡ್ರೈವರ್.

ಟೈಲರಮ್ಮ ಹಿಂದೆ ಸರಿದಳು. ಅಮ್ಮನನ್ನು ಹತ್ತಿಸಿ ತಾನೂ ಹತ್ತಿದ್ದ ಮಗಳು ಒಳಗಿನಿಂದ ಕೈ ಚಾಚಿದಳು.

"ಹತ್ತಿ, ದೊಡ್ಡಮ್ಮ."

ಟೈಲರಮ್ಮ ಆ ಕೈಯನ್ನೇ ಒಂದು ಕ್ಷಣ ನೋಡಿದಳು. ಆಮೇಲೆ ಹಿಡಿದುಕೊಂಡು ಹತ್ತಿ, ತಲೆಯ ಕಡೆಗಿದ್ದ ಖಾಲಿ ಜಾಗದಲ್ಲಿ ಕೂತಳು.

ತಿರುವಿನಲ್ಲಿ ರಸ್ತೆ ಕಿತ್ತುಹೋಗಿತ್ತು. ವ್ಯಾನು ಎತ್ತಿಹಾಕಿತು. ಅವನ ತಲೆ ಹಲಗೆಗೆ ಬಡಿಯುವಷ್ಟರಲ್ಲಿ ಟೈಲರಮ್ಮ ಬಗ್ಗಿ ಎರಡೂ ಅಂಗೈಗಳನ್ನು ಅದರ ಕೆಳಗೆ ಕೊಟ್ಟಳು. ಮುಂದೆ ರಸ್ತೆ ಸಮವಾದ ಮೇಲೂ ಆಕೆ ಕೈ ತೆಗೆಯಲಿಲ್ಲ.